ಮಾಟಗಾತಿಯ ಕೈಗೆ ಸುಂಕಮ್ಮನ ಹಚ್ಚೆ

ಕೊಟ್ಟೂರು
14-8-1999

ಚಿರಂಜೀವಿ ಕೊಟ್ರಸ್ವಾಮಿಗೆ,

ನಿನ್ನ ಅಕ್ಕನ ಆಶೀರ್ವಾದ. ಈ ಕಡೆ ಎಲ್ಲರೂ ಕ್ಷೇಮ ಎಂದು ಬರೆಯುವುದು ರೂಢಿ. ಈ ಸಲ ಹಾಗೆ ಬರೆಯಲು ಕೈ ಬರುತ್ತಿಲ್ಲ. ನಿನ್ನ ಕಾಗದ ಬಂದು ಬಹಳ ದಿನವಾಯಿತು. ಸಿಟ್ಟು ಇಳಿದ ಮೇಲೆ ಉತ್ತರ ಬರೆಯೋಣ ಎಂದು ಕಾದೆ. ಇಳಿಯಲಿಲ್ಲ. ತಡವಾದದ್ದಕ್ಕೆ ಬೇಜಾರು ಮಾಡಿಕೊಳ್ಳಬೇಡ. ಬೇಜಾರು ಮಾಡಿಕೊಳ್ಳುವುದಕ್ಕೆ ಮುಂದೆ ಬೇಕಾದಷ್ಟಿದೆ.

ನಿನ್ನ ಮಗನಿಗೆ ಕುತ್ತಿಗೆ ನಿಂತಿದೆ, ದನಿ ಕೇಳಿದ ಕಡೆ ತಿರುಗುತ್ತಾನೆ ಎಂದು ಓದಿ ಖುಷಿಯಾಯಿತು. ನಿನ್ನ ಭಾವ ಅಂಗಡಿ ಬಿಟ್ಟು ಅಲುಗಾಡುವುದಿಲ್ಲ, ಅವರ ಮಂಡಿನೋವೂ ಅವರನ್ನು ಬಿಟ್ಟು ಅಲುಗಾಡುವುದಿಲ್ಲ. ಮನೆಯ ಸುದ್ದಿ ಇಷ್ಟೇ. ಇನ್ನು ನಿನ್ನ ಕಾದಂಬರಿಯ ವಿಷಯ.

ಮಾಂತ್ರಿಕರ ಕಥೆ ಬರೆಯಬೇಡ ಎಂದು ನಾನು ಯಾವತ್ತೂ ಹೇಳಿದವಳಲ್ಲ. ಜಮಾಲುದ್ದೀನನ ಬಾಡಿಗೆ ಪುಸ್ತಕದ ಅಂಗಡಿಯಿಂದ ಅಂಥವನ್ನೇ ತಂದು, ಅಪ್ಪನಿಗೆ ಕಾಣದ ಹಾಗೆ ಜೋಳದ ಚೀಲಗಳ ಸಂದಿಯಲ್ಲಿ ಕೂತು ನಿನಗೆ ಓದಿ ಹೇಳಿದವಳು ನಾನೇ. ತಲೆಬುರುಡೆ ಮಾತಾಡತೊಡಗಿದರೆ ನೀನು ನನ್ನ ಲಂಗ ಹಿಡಿದುಕೊಳ್ಳುತ್ತಿದ್ದೆ. ಮಾಂತ್ರಿಕನ ಪ್ರಾಣವನ್ನು ಗಿಳಿಯೊಳಗೆ ಇಡು, ಅರಸನ ಮಗಳನ್ನು ಕಲ್ಲು ಮಾಡು, ಬೆಟ್ಟವನ್ನೇ ಎಬ್ಬಿಸಿ ನಡೆಸು. ಬೇಡ ಎಂದವರು ಯಾರು? ನಿನ್ನ ಮೊದಲ ಪುಸ್ತಕವನ್ನು ಓಣಿಗೆಲ್ಲ ತೋರಿಸಿಕೊಂಡು ಬಂದವಳೂ ನಾನೇ. ಆದರೆ ಈ ಸಲ ನಿನ್ನ ಮಾಟಗಾತಿಗೆ ಕೈ ಬೇಕಾದಾಗ ಸುಂಕಮ್ಮನ ಕೈಯನ್ನೇ ಯಾಕೆ ತೆಗೆದುಕೊಂಡೆ?

ಹಿಂದಿನ ಕಾಗದದಲ್ಲಿ ಇದನ್ನೇ ಕೇಳಿದ್ದಕ್ಕೆ, ಹೆಸರು ಬದಲಿಸಿದ್ದೇನೆ ಎಂದು ಬರೆದಿದ್ದೀಯ. ಹೌದಪ್ಪ, ಸುಂಕಮ್ಮ ಹೋಗಿ ಕಾಳಿಂಗಮ್ಮ ಆದಳು. ಎಡಗೈ ಮೇಲಿನ ಚೇಳಿನ ಹಚ್ಚೆ ಹಾಗೇ ಇದೆ. ಬಾಣಂತಿಯರ ಮನೆಗೆ ಹೋಗಿ, ನೀಡಿದ ಕಾಲ ಮೇಲೆ ಕೂಸನ್ನು ಮಲಗಿಸಿ, ಎಣ್ಣೆ ತಿಕ್ಕಿ ಎರೆಯುವುದು ಹಾಗೇ ಇದೆ. ಹರಳೆಣ್ಣೆ ಬೆಚ್ಚಗಿಡುವ ತಾಮ್ರದ ಗಿಂಡಿಯೂ ಹಾಗೇ ಇದೆ. ಕಡೆಯ ತಂಬಿಗೆ ಸುರಿಯುವಾಗ ಅವಳು ಹೇಳುವ ಮಾತು ನೆನಪಿದೆಯಲ್ಲ, ‘ನೀರು ಇಳೀಲಿ, ಆಯುಷ್ಯ ಏರ್ಲಿ.’ ಈ ಓಣಿಯಲ್ಲಿ ಹುಟ್ಟಿದ ಕೂಸುಗಳ ಕಿವಿಗೆಲ್ಲ ಆ ಮಾತು ಬಿದ್ದಿದೆ, ನಿನ್ನ ಕಿವಿಗೂ. ನೀನು ಅದನ್ನೇ ತಿರುಗಿಸಿ ‘ನೀರು ಏರಲಿ, ಆಯುಷ್ಯ ಇಳಿಯಲಿ’ ಎಂದು ಮಂತ್ರ ಮಾಡಿಕೊಂಡೆ.

ಉದುರಿದ ಹೊಕ್ಕಳ ಬಳ್ಳಿಯನ್ನು ಅರಿಶಿನದ ಬಟ್ಟೆಯಲ್ಲಿ ಸುತ್ತಿ ಸುಂಕಮ್ಮ ತನ್ನ ಹಿತ್ತಲ ಬೇವಿನ ಬುಡದಲ್ಲಿ ಹೂಳುತ್ತಾಳಲ್ಲ, ಆ ಪದ್ಧತಿಯನ್ನೂ ನೀನು ಬಿಡಲಿಲ್ಲ. ನಿನ್ನ ಮಾಟಗಾತಿ ಬಳ್ಳಿಗಳನ್ನು ಗಿಂಡಿಯಲ್ಲಿ ಕೂಡಿಟ್ಟು, ಒಂದೊಂದಾಗಿ ಸುಟ್ಟು, ಮಕ್ಕಳ ಆಯುಷ್ಯ ಕುಡಿದು ಸಾವಿಲ್ಲದೆ ಉಳಿಯುತ್ತಾಳೆ. ಓದುವಾಗ ನನಗೇ ಮೈ ಜುಮ್ಮೆಂದಿತು. ಚೆನ್ನಾಗಿ ಬರೆದಿದ್ದೀಯ, ಕೆಟ್ಟದಾಗಿ ಬರೆದಿದ್ದರೆ ಇಷ್ಟು ಹಾಳಾಗುತ್ತಿರಲಿಲ್ಲ.

ಇಲ್ಲಿ ಏನಾಯಿತು ಕೇಳು. ಮೂಲೆಮನೆ ತಿಪ್ಪೇರುದ್ರಮ್ಮನ ಮೊಮ್ಮಗನಿಗೆ ಜ್ವರ ಬಂದು ಎದೆ ಗುರುಗುಟ್ಟತೊಡಗಿತು. ಆ ಕೂಸಿಗೆ ಎರೆಯುತ್ತಿದ್ದವಳು ಸುಂಕಮ್ಮ. ಇದು ಮನೆಮದ್ದಿಗೆ ಬಗ್ಗುವಂಥದ್ದಲ್ಲ, ದವಾಖಾನೆಗೆ ಒಯ್ಯಿರಿ ಎಂದು ಮೊದಲು ಹೇಳಿದವಳೂ ಅವಳೇ. ದಾವಣಗೆರೆಗೆ ಒಯ್ದರು. ಆಸ್ಪತ್ರೆಯ ಹೊರಗೆ ಕಾಯುತ್ತಾ ಕೂತ ಸೊಸೆಗೆ ಹೊತ್ತು ಹೋಗಲಿ ಎಂದು ಅವಳ ತಮ್ಮ ಬಸ್‌ಸ್ಟ್ಯಾಂಡಿನಿಂದ ನಿನ್ನ ಪುಸ್ತಕ ತಂದುಕೊಟ್ಟನಂತೆ. ಬೇರೆ ಊರಿನವನು ಬರೆದಿದ್ದರೆ ಕಥೆ ಎಂದು ಓದಿ ಮಡಚಿಡುತ್ತಿದ್ದಳು. ಬರೆದವನು ನಮ್ಮ ಓಣಿಯವನೇ, ಸುಂಕಮ್ಮನ ಕಾಲ ಮೇಲೆ ಬೆಳೆದವನು, ಕಂಡದ್ದನ್ನೇ ಹೆಸರು ಮರೆಸಿ ಬರೆದಿದ್ದಾನೆ ಎಂದು ಅವಳು ತಿಳಿದಳು. ಅತ್ತೆಗೆ ಹೇಳಿ ಕಳಿಸಿದಳು.

ಮರುದಿನ ಬೆಳಿಗ್ಗೆ ತಿಪ್ಪೇರುದ್ರಮ್ಮ ಜನ ಕಟ್ಟಿಕೊಂಡು ಗುದ್ದಲಿ ಸಮೇತ ಸುಂಕಮ್ಮನ ಹಿತ್ತಲಿಗೆ ನುಗ್ಗಿದಳು. ನಮ್ಮ ಹುಡುಗನ ಬಳ್ಳಿ ಕೊಡು ಎಂದಳು. ಸುಂಕಮ್ಮ ಮೊದಲು ಚೇಷ್ಟೆ ಎಂದುಕೊಂಡು ನಕ್ಕಳು. ಅವರು ಬೇವಿನ ಬುಡ ಅಗೆದರು. ಮಣ್ಣಾಗಿ ಹೋದದ್ದು ಎಲ್ಲಿ ಸಿಗಬೇಕು? ಸಿಗದೇ ಇದ್ದದ್ದೇ ಸಾಕ್ಷಿಯಾಯಿತು. ಹಾಗಾದರೆ ಗಿಂಡಿಯಲ್ಲೇ ಇದೆ ಎಂದು ಒಳಗೆ ಹೋಗಿ ಗಿಂಡಿ ಎತ್ತಿಕೊಂಡರು. ಗದ್ದಲ ಕೇಳಿ ಓಡಿಹೋದ ನಾನು ಬಾಗಿಲಿಗೆ ಅಡ್ಡ ನಿಂತು ಬಾಯಿಗೆ ಬಂದಂತೆ ಬೈದೆ.

‘ನಮಗ್ಯಾಕ ಬೈತೀ? ನಿನ್ನ ತಮ್ಮನ ಬರದಾನಲ್ಲವ್ವ’ ಎಂದಳು ತಿಪ್ಪೇರುದ್ರಮ್ಮ. ಅವರು ನನ್ನನ್ನು ಪಕ್ಕಕ್ಕೆ ಸರಿಸಿ ಹೋದರು.

ಕೂಸು ಹುಷಾರಾಗಿ ಮನೆಗೆ ಬಂತು. ನ್ಯುಮೋನಿಯಾ ಎಂದು ಡಾಕ್ಟರು ಹೇಳಿದ್ದಾರೆ, ಇಂಜೆಕ್ಷನ್ ಕೊಟ್ಟಿದ್ದಾರೆ. ಆದರೆ ಓಣಿಯ ಲೆಕ್ಕದಲ್ಲಿ ಕೂಸು ಬದುಕಿದ್ದು ಗಿಂಡಿ ಕಿತ್ತುಕೊಂಡದ್ದರಿಂದ. ಈಗ ಯಾರೂ ಸುಂಕಮ್ಮನನ್ನು ಎರೆಯಲು ಕರೆಯುವುದಿಲ್ಲ. ಅವಳು ದಾರಿಯಲ್ಲಿ ಬಂದರೆ ಕೂಸಿನ ಮುಖಕ್ಕೆ ಸೆರಗು ಮುಚ್ಚುತ್ತಾರೆ. ಅವರಲ್ಲಿ ಅರ್ಧ ಜನ ಅವಳ ಕೈಯಲ್ಲೇ ಎರೆಸಿಕೊಂಡವರು. ಜಮಾಲುದ್ದೀನ ಒಬ್ಬ ನಿನ್ನ ಪುಸ್ತಕವನ್ನು ಅಂಗಡಿಯಿಂದ ತೆಗೆದುಹಾಕಿದ. ಅದನ್ನೇ ಕೇಳಿಕೊಂಡು ಗಿರಾಕಿಗಳು ಬರುತ್ತಾರೆ, ಇಲ್ಲ ಎನ್ನುತ್ತಾನೆ. ‘ಆ ಯಮ್ಮ ನನ್ನ ಮಕ್ಕಳಿಗೂ ಎರದಾಳ್ರಿ ಅಕ್ಕಾರ, ಹೆಂಗ ಕೊಡ್ಲಿ’ ಎಂದ. ಪುಸ್ತಕ ಬಾಡಿಗೆ ಕೊಡುವವನಿಗೆ ತಿಳಿದದ್ದು ಬರೆಯುವವನಿಗೆ ತಿಳಿಯಲಿಲ್ಲ.

ಅದೆಲ್ಲ ಬರೀ ಕಲ್ಪನೆ, ಓದುವವರು ದಡ್ಡರಾದರೆ ನಾನೇನು ಮಾಡಲಿ ಎಂದು ಬರೆದಿದ್ದೀಯ. ಕಲ್ಪನೆಯಾಗಿದ್ದರೆ ಕೂತು ಕಲ್ಪಿಸಿಕೊಳ್ಳಬೇಕಿತ್ತು. ಬದುಕಿರುವ ಮುದುಕಿಯನ್ನು ಎತ್ತಿಕೊಂಡು ಹೋಗಿ ಎರಡು ಕೋರೆಹಲ್ಲು ಅಂಟಿಸಿದರೆ ಅದು ಕಲ್ಪನೆಯೇ? ಎರಡನೆಯ ಭಾಗ ದೀಪಾವಳಿಗೆ ಬರುತ್ತದೆ, ಅದರಲ್ಲಿ ಊರವರು ಮಾಟಗಾತಿಯನ್ನು ಗುಡಿಸಲು ಸಮೇತ ಸುಡುತ್ತಾರೆ ಎಂದು ಬೇರೆ ಸಂಭ್ರಮದಿಂದ ತಿಳಿಸಿದ್ದೀಯ. ಯಾವ ಊರವರು, ಕೊಟ್ರಸ್ವಾಮಿ? ಈ ಓಣಿಯವರಿಗೆ ಬೇವಿನ ಬುಡ ತೋರಿಸಿದವನು ನೀನು. ಇನ್ನು ಬೆಂಕಿಪೊಟ್ಟಣವನ್ನೂ ನೀನೇ ಕೊಡುತ್ತೀಯಾ?

ನನಗೆ ನಿನ್ನ ಸಮಜಾಯಿಷಿ ಬೇಡ. ಆ ಭಾಗವನ್ನು ಅಚ್ಚಿಗೆ ಕೊಡಬೇಡ. ಕೊಟ್ಟಿದ್ದರೆ ವಾಪಸು ತೆಗೆದುಕೋ. ಆಮೇಲೆ ಮಗನನ್ನು ಕರೆದುಕೊಂಡು ಬಾ. ಹಾಡಹಗಲು, ಓಣಿಯವರ ಕಣ್ಣೆದುರು, ನೀನೇ ಅವನನ್ನು ಸುಂಕಮ್ಮನ ಕಾಲ ಮೇಲೆ ಮಲಗಿಸು. ಅವಳು ಎರೆದು ಮುಗಿಸುವವರೆಗೆ ಪಕ್ಕದಲ್ಲಿ ಕೂತಿರು. ಚಂದ್ರಕಲಾ ಒಪ್ಪುವುದಿಲ್ಲ ಎಂದು ನೆವ ಹೇಳಬೇಡ. ಅವಳೂ ನಿನ್ನ ಪುಸ್ತಕ ಓದಿ ಹೆದರಿದ್ದರೆ, ಅವಳಿಗೆ ಬುದ್ಧಿ ಹೇಳುವುದು ಗಂಡನಾದ ನಿನ್ನ ಕೆಲಸ. ಬರೆದದ್ದು ಸುಳ್ಳೆಂದು ನಿನಗೆ ಖಾತ್ರಿಯಿದ್ದರೆ ಬರುತ್ತೀಯ. ನೀನೇ ಬರದಿದ್ದರೆ ಓಣಿಯವರು ಬೇರೆ ಸಾಕ್ಷಿ ಕೇಳುವುದಿಲ್ಲ.

ಕೂಸಿಗೆ ಯಾರ ಕಣ್ಣೂ ತಾಕದಿರಲಿ, ಹಾಲುಂಡು ಗಟ್ಟಿಯಾಗಲಿ. ಚಂದ್ರಕಲಾ ಬಾಣಂತನದ ಪಥ್ಯ ಇಷ್ಟು ಬೇಗ ಬಿಡದಿರಲಿ. ನಿನಗೂ ಒಳ್ಳೆಯದಾಗಲಿ. ಸಿಟ್ಟಿನಲ್ಲಿ ಕೊಟ್ಟರೂ ಅಕ್ಕನ ಆಶೀರ್ವಾದ ಆಶೀರ್ವಾದವೇ.

ನಿನ್ನ ಅಕ್ಕ,
ಪುಷ್ಪಲತಾ

ತಾ.ಕ.: ಎಲ್ಲರ ಹೆಸರು ಬದಲಿಸಿದವನು ಒಂದು ಹೆಸರನ್ನು ಮಾತ್ರ ಹಾಗೇ ಬಿಟ್ಟಿದ್ದೀಯ. ನಿನ್ನ ಪುಸ್ತಕದಲ್ಲಿ ಮಾಟಗಾತಿ ಕೊಲ್ಲುವ ಮೊದಲ ಕೂಸು ಅಮೃತಾ. ನನ್ನ ಅಮೃತಾಳನ್ನು ತೊಟ್ಟಿಲಿಗೆ ಹಾಕಿದ ದಿನ ಪೇಡೆ ಹಂಚಿದವನು ನೀನು. ಹುಟ್ಟುವಾಗಲೇ ಅವಳ ಹೃದಯದಲ್ಲಿ ರಂಧ್ರವಿತ್ತು ಎಂದು ಡಾಕ್ಟರು ಹೇಳುವಾಗ ನನ್ನ ಪಕ್ಕದಲ್ಲಿ ನಿಂತಿದ್ದವನೂ ನೀನೇ. ಅವಳು ಬದುಕಿದ್ದ ಅಷ್ಟೂ ದಿನ ಎರೆದವಳು ಸುಂಕಮ್ಮ. ಪುಸ್ತಕದಲ್ಲಿ ಆ ಹೆಸರಿದೆ ಎಂದು ಯಾರೋ ಅವಳಿಗೆ ಓದಿ ಹೇಳಿದ್ದಾರೆ. ಮೊನ್ನೆ ಬಂದು ನಮ್ಮ ಕಟ್ಟೆ ಮೇಲೆ ಕೂತು, ಎರಡೂ ಕೈ ನನ್ನ ಮುಂದೆ ಹಿಡಿದು ಕೇಳಿದಳು: ‘ಪುಷ್ಪವ್ವ, ಆ ಕೂಸಿಗೆ ನಾನ ಏನರ ಮಾಡಿದ್ನೇನವ್ವ?’

ಇಲ್ಲ ಎಂದು ಹೇಳಿದೆ, ಕೊಟ್ರಸ್ವಾಮಿ. ಆದರೆ ಕೂಡಲೇ ಹೇಳಲಿಲ್ಲ. ನಾನು ಸುಮ್ಮನಿದ್ದ ಆ ಒಂದು ಗಳಿಗೆಯಲ್ಲಿ ಅವಳು ನನ್ನ ಮುಖ ನೋಡಿ, ಕೈಗಳನ್ನು ಸೆರಗಿನೊಳಗೆ ಎಳೆದುಕೊಂಡಳು. ಈಗ ನಮ್ಮ ಮನೆಗೂ ಬರುವುದಿಲ್ಲ.