ಗ್ರೀಕರ ಬಾಯಿಗೆ ನನ್ನ ಮಾತು

ಶನಿವಾರ, ೭ ಫೆಬ್ರವರಿ ೧೯೮೭. ಕೈಲಾಂಚ.

ಬಾಯಿ ಮುಚ್ಚಿಕೊಂಡಿರಬೇಕಿತ್ತು. ಇಷ್ಟೇ ಬರೆದು ಮಲಗಬಹುದು, ಆದರೆ ನಿದ್ದೆ ಹತ್ತುತ್ತಿಲ್ಲ.

ಸಂಜೆ ಸ್ಕೂಲ್ ಮೈದಾನದಲ್ಲಿ ಫಿಲಂ ಸೊಸೈಟಿಯವರ ಗ್ರೀಕ್ ಚಿತ್ರ. ಅದರ ಮಾತನ್ನು ಮೈಕಿನಲ್ಲಿ ಕನ್ನಡದಲ್ಲಿ ಹೇಳುವ ಕೆಲಸ ನನ್ನದು. ಸೊಸೈಟಿಯ ಲೆಕ್ಚರರ್ ಶಿವನಂಜಯ್ಯನವರು ಚಿತ್ರಕಥೆಯನ್ನು ಕನ್ನಡದಲ್ಲಿ ಬರೆದುಕೊಟ್ಟು, "ಚಿತ್ರ ಬರೆದವನ ಹೆಚ್ಚುಗಾರಿಕೆ ಮಾತಿಲ್ಲದ ಕಡೆಯಲ್ಲೇ ಇರೋದು ಮುನಿಶಾಮಯ್ಯನವರೇ, ಇದ್ದಹಾಗೇ ಓದಿ" ಅಂದಿದ್ದರು. ಹನ್ನೊಂದು ಕಡೆ 'ಇಲ್ಲಿ ಯಾರೂ ಮಾತಾಡುವುದಿಲ್ಲ' ಎಂದಿತ್ತು. ಎಣಿಸಿದ್ದೆ. ನಾನು ಎತ್ತಿನ ದಲ್ಲಾಳಿ. ಎದುರಿನವರು ಸುಮ್ಮನಾದರೆ ವ್ಯಾಪಾರ ಮುರಿಯಿತೆಂದೇ ನನಗೆ ಗಾಬರಿ. ಹನ್ನೊಂದನ್ನೂ ನನ್ನ ಮಾತಿನಿಂದ ತುಂಬಿಸಿಬಿಟ್ಟೆ.

ಹಡಗಿನ ಕೆಲಸಕ್ಕೆ ಹೋದ ಗಂಡ ಹನ್ನೆರಡು ವರ್ಷದ ಮೇಲೆ ಬಂದು, ಹೆಂಡತಿಯ ಎದುರು ಕೂತು ರೊಟ್ಟಿ ಮುರಿಯುತ್ತಾನೆ. ಅವಳು ಸುಮ್ಮನೆ ನೋಡುತ್ತಾಳೆ. ನಾನು ಅವನ ಬಾಯಲ್ಲಿ, "ಉಪ್ಪೇ ಇಲ್ವಲ್ಲಮ್ಮಿ ಇದ್ಕೆ!" ಅನ್ನಿಸಿದೆ. ಮೈದಾನವೆಲ್ಲ ಬಿದ್ದು ಬಿದ್ದು ನಕ್ಕಿತು. ಶಿವನಂಜಯ್ಯನವರು ಎದ್ದು ಹೋದರು. ಹೋಗಲಿ, ಓದಿದವರ ಕೋಪ ಎಂದುಕೊಂಡೆ.

ಮುಗಿದ ಮೇಲೆ ನಮ್ಮ ಬೀದಿಯ ಕೆಂಚಮ್ಮ ಹತ್ತಿರ ಬಂದಳು. ಬೊಂಬಾಯಿಗೆ ಹೋಗಿ ಸುದ್ದಿಯೇ ಇಲ್ಲದಿದ್ದ ಅವಳ ಗಂಡ ಮೊನ್ನೆ ಸಂಕ್ರಾಂತಿಗೆ ವಾಪಸ್ಸು ಬಂದಿದ್ದಾನೆ.

"ನಮ್ಮನೇರೂ ಬಂದ್ ದಿನ ಹಿಂಗೇ ಕುಂತಿದ್ರು ಕಣಣ್ಣ. ಆವಮ್ಮ ಹೆಂಗೆ ತಡ್ಕತಾಳೆ ಅಂತ ಅವಳ ಮಖನೇ ನೋಡ್ತಿದ್ದೆ. ನೀನು ಒಸಿ ಸುಮ್ಕಿದ್ದಿದ್ರೆ ಗೊತ್ತಾಗ್ಬುಡೋದು."

ಅವಳಿಗೊಬ್ಬಳಿಗಾದರೂ ನನ್ನ ಮಾತಿಲ್ಲದೆ ಇನ್ನೊಮ್ಮೆ ತೋರಿಸೋಣವೆಂದರೆ ರೀಲು ಬೆಳಗಿನ ಬಸ್ಸಿಗೇ ಹೊರಡುತ್ತದೆ. ಒಂದು ದಿನ ತಡೆಯಿರಿ ಎಂದು ಶಿವನಂಜಯ್ಯನವರನ್ನು ಕೇಳಬೇಕು. ಯಾವ ಮುಖ ಹೊತ್ತುಕೊಂಡು ಹೋಗಲಿ?