ಬಗ್ಗಿದ ಎಡ ಹೆಗಲು

ಶನಿವಾರ, ಮಾರ್ಚ್ ೧೪

ಮೈ ಇನ್ನೂ ಉರಿಯುತ್ತಿದೆ. ಸ್ಕೇಟ್‌ಬೋರ್ಡ್ ಸ್ಪರ್ಧೆಗೆ ನಾನು ಮುಖ್ಯ ಅತಿಥಿಯಂತೆ! ಹಿಂದಿನ ಚಕ್ರಗಳ ಮೇಲೆ ಬುಗುರಿಯಂತೆ ತಿರುಗುವ ನನ್ನ ವರಸೆಯನ್ನು ಹುಡುಗಿಯರು ಒಬ್ಬರಾದ ಮೇಲೊಬ್ಬರು ಮಾಡಿದರು. ತಿರುಗುವ ಮುಂಚೆ ಎಲ್ಲರೂ ಎಡ ಹೆಗಲು ಬಗ್ಗಿಸಿದರು, ನನ್ನ ಹಳೆಯ ವಿಡಿಯೋದಲ್ಲಿ ಇರುವಂತೆಯೇ. ಆಗ ನನ್ನ ಮೊಣಕಾಲ ಚಿಪ್ಪು ಒಡೆದು ಸರಿಯಾಗಿ ಕೂಡಿರಲಿಲ್ಲ. ನೋವು ತಾಳದೆ ಎಡಕ್ಕೆ ವಾಲುತ್ತಿದ್ದೆ. ಬಹುಮಾನವನ್ನು ಆ ಮೊಣಕಾಲಿಗೇ ಕೊಡಬಹುದಿತ್ತು.

ಒಬ್ಬಳು ಮಾತ್ರ ನೆಟ್ಟಗೆ ನಿಂತು ತಿರುಗಿದಳು. ನಾನು ಕನಸು ಕಂಡಿದ್ದೇ ಹಾಗೆ ತಿರುಗಬೇಕೆಂದು. ತೀರ್ಪುಗಾರ ಅವಳ ಅಂಕ ಕತ್ತರಿಸಿದ.

"ಯಾಕಪ್ಪಾ?" ಎಂದೆ.

"ಹೆಗಲು ಬಗ್ಗಿಸ್ಲಿಲ್ವಲ್ಲ ಮೇಡಂ. ನಿಮ್ಮ ಸ್ಟೈಲೇ ಕೆಡಿಸ್ಬಿಟ್ಲು."

"ಅದು ಸ್ಟೈಲಲ್ಲಪ್ಪಾ, ಕಾಲುನೋವು."

"ಬಿಡಿ ಮೇಡಂ, ತಮಾಷೆ ಮಾಡ್ತೀರಿ."

ಹೊರಡುವಾಗ ನೋಡಿದೆ. ಆ ಹುಡುಗಿ ಗೋಡೆಯ ಪಕ್ಕ ಒಬ್ಬಳೇ ಎಡ ಹೆಗಲು ಬಗ್ಗಿಸಿ ಬಗ್ಗಿಸಿ ನನ್ನ ನೋವನ್ನು ಅಭ್ಯಾಸ ಮಾಡುತ್ತಿದ್ದಳು.