ಉಮಿ ಒಲೆಯ ಮುಂದಿನ ಟವೆಲ್

ಸಾಗರ, ೧೪ ಮಾರ್ಚ್ ೧೯೬೬

ಜಟ್ಟಿಂಗಪ್ಪ,

ನೀನೀಗ ಎಲ್ಲಿದ್ದೀಯೋ ಗೊತ್ತಿಲ್ಲ. ಇದನ್ನು ಅಂಚೆಗೆ ಹಾಕುವುದೂ ಇಲ್ಲ. ಆದರೂ ಇವತ್ತು ನಮ್ಮ ಕುಚ್ಚಲಕ್ಕಿ ಗಿರಣಿಯಲ್ಲಿ ನಡೆದದ್ದನ್ನು ನಿನಗಲ್ಲದೆ ಯಾರಿಗೆ ಹೇಳಲಿ?

ಬಾಯ್ಲರ್ ಒಲೆಗೆ ಉಮಿ ಹಾಕುವ ಕನ್ನಪ್ಪ ಕೆಲಸದ ಹೊತ್ತಿನಲ್ಲಿ ನಿದ್ದೆ ಮಾಡಿದನೆಂದು ಮೇಸ್ತ್ರಿ ದೂರು ಕೊಟ್ಟಿದ್ದ. ಈಗ ನಿನ್ನ ಕಾಲದ ಹಾಗಲ್ಲ. ದೂರಿನ ಪ್ರತಿಯನ್ನು ಕನ್ನಪ್ಪನ ಕೈಗೇ ಕೊಟ್ಟರು. ವಿಚಾರಣೆಗೆ ಶಿವಮೊಗ್ಗದಿಂದ ವಕೀಲರು ಬಂದರು. ಗುಮಾಸ್ತನೆಂದು ನನ್ನನ್ನು ಬರೆದುಕೊಳ್ಳಲು ಕೂರಿಸಿದರು. ಮೇಸ್ತ್ರಿ ಹೇಳಿ ಮುಗಿಸಿದ ಮೇಲೆ ವಕೀಲರು ಕನ್ನಪ್ಪನಿಗೆ, "ಈಗ ನೀನು ಇವರನ್ನ ಕೇಳ್ಬಹುದು" ಎಂದರು. ಉಮಿ ಹಾಕುವವನು ಮೇಸ್ತ್ರಿಯನ್ನು ಪ್ರಶ್ನೆ ಕೇಳುವುದೇ! ಏನು ಕೇಳುತ್ತಾನೋ ಎಂದು ನನಗೆ ಎಲ್ಲಿಲ್ಲದ ಕುತೂಹಲ.

"ಧೂಳಿಗೆ ನಾವು ಮುಖದ ತುಂಬ ಟವೆಲ್ ಎಳ್ಕೊಂಡೇ ಕೂರ್ತೀವಿ. ಅದರೊಳಗಿಂದ್ಲೇ ಬೆಂಕಿ ನೋಡ್ತೀವಿ. ನನ್ನ ಕಣ್ಣು ಮುಚ್ಚಿತ್ತು ಅಂತ ನಿಮಗೆ ಹೆಂಗೆ ಗೊತ್ತಾತು ಮೇಸ್ತ್ರೇ?"

ಮೇಸ್ತ್ರಿ ವಕೀಲರ ಮುಖ ನೋಡಿದ.

"ಉತ್ತರವಿಲ್ಲ ಅಂತ ಬರ್ಕೊಳ್ಳಿ" ಎಂದರು ವಕೀಲರು. ಬರೆದುಕೊಂಡೆ.

ಆರು ವರ್ಷದ ಹಿಂದೆ ಅದೇ ಒಲೆಯ ಮುಂದೆ ನೀನು ಟವೆಲ್ ಎಳೆದುಕೊಂಡು ಕುಳಿತಿದ್ದೆ. ನಾನು ಬಾಗಿಲಿನಿಂದಲೇ ನೋಡಿ ಧಣಿಗಳ ಕೋಣೆಗೆ ಹೋದೆ. ಸಂಜೆಯೊಳಗೆ ನಿನ್ನನ್ನು ಕೆಲಸದಿಂದ ತೆಗೆದರು. ಊರು ಬಿಡುವ ದಿನ ನಮ್ಮ ಜಗಲಿಯಲ್ಲಿ ಕಾಫಿ ಕುಡಿಯುತ್ತ ನನ್ನನ್ನೇ ಕೇಳಿದ್ದೆ: "ಯಾರು ಹೇಳಿರ್ಬಹುದು ಭಟ್ರೇ?"

ಉತ್ತರವಿಲ್ಲ ಎಂದು ಬರೆದುಕೊಳ್ಳಲು ಅವತ್ತು ಅಲ್ಲಿ ಯಾರೂ ಇರಲಿಲ್ಲ.

ವೆಂಕಟ್ರಮಣ